ಜಿಡ್ಡಿಗೆ ಸೋಡಾ ಸರಿ, ಆದರೆ ಯಾವ ಸೋಡಾ?

ಹೋದ ದೀಪಾವಳಿಗೆ ಎಂಟು ದಿನ ಮುಂಚೆ ರಾಯಬಾಗದಿಂದ ನನ್ನ ನಾದಿನಿಯ ಫೋನು ಬಂತು. "ವೈನಿ, ಓವನ್ನಿನ ಜಿಡ್ಡು ಏನ್ ಮಾಡಿದ್ರೂ ಹೋಗವಲ್ದು, ಏನರ ಉಪಾಯ ಹೇಳ್ರಿ" ಅಂದಳು. ನಾನು ಇಲ್ಲಿ ಚಿಕ್ಕೋಡಿಯಲ್ಲಿ ಚಕ್ಕಲಿ ಕರಿಯುತ್ತ ನಿಂತಿದ್ದೆ, ಕಣ್ಣೆಲ್ಲ ಬಾಣಲೆಯ ಮೇಲೆ. "ಸೋಡಾ ಹಚ್ಚಿ ಬಿಡವ್ವ, ತಾನ ಬಿಡತೈತಿ" ಎಂದು ಫೋನಿಟ್ಟೆ. ಯಾವ ಸೋಡಾ ಎಂದು ನಾನು ಹೇಳಲಿಲ್ಲ, ಅವಳೂ ಕೇಳಲಿಲ್ಲ.

ಅವಳು ಅಂಗಡಿಗೆ ಹೋಗಿ "ಜಿಡ್ಡು ತೆಗಿಯೂ ಸೋಡಾ" ಕೇಳಿದಳು. ಹೆಸರಿಲ್ಲದ ಪೊಟ್ಟಣದಲ್ಲಿ ಬಂದದ್ದು ಕಾಸ್ಟಿಕ್ ಸೋಡಾ. ಓವನ್ನಿನ ಅಲ್ಯೂಮಿನಿಯಂ ತಟ್ಟೆಯಲ್ಲಿ ಬಿಸಿನೀರು ಹಾಕಿ ಅದನ್ನು ಸುರಿದಾಗ, ಒಲೆಯ ಮೇಲೆ ಇಡದೆಯೇ ನೀರು ಕೊತಕೊತ ಕುದಿಯಿತು. ಹೊಗೆ ಎದ್ದು, ಸಿಡಿದ ಹನಿಗಳು ಮುಂಗೈಗೆ ಬಿದ್ದವು. ಪಕ್ಕದ ಮನೆಯ ಕಾಕೂ ಓಡಿಬಂದು ಕೈಯನ್ನು ನಳದ ಕೆಳಗೆ ಹಿಡಿದವರು ಅರ್ಧ ತಾಸು ಬಿಡಲಿಲ್ಲ. ಹಾಗಾಗಿ ಕಲೆಯಷ್ಟೇ ಉಳಿಯಿತು. ನಾಲ್ಕು ವರ್ಷದ ಅವಳ ಮಗ ಸೆರಗು ಹಿಡಿದು ಅಲ್ಲೇ ನಿಂತಿದ್ದನಂತೆ. ನೆನೆಸಿಕೊಂಡರೆ ಈಗಲೂ ಎದೆ ಝಲ್ಲೆನ್ನುತ್ತದೆ. ತಪ್ಪು ನನ್ನ ಅರ್ಧ ಮಾತಿನದು.

ಆದ್ದರಿಂದ ಈಗ ಪೂರ್ತಿ ಹೇಳುತ್ತೇನೆ. ಸೋಡಾದಲ್ಲಿ ಮೂರು ಬಗೆ. ಭಜಿಗೆ ಚಿಟಿಕೆ ಹಾಕುವ ತಿನ್ನುವ ಸೋಡಾ ಸೌಮ್ಯ. ಬಟ್ಟೆ ಸೋಡಾ ಅದಕ್ಕಿಂತ ಖಾರ, ಕೈಗೆ ರಬ್ಬರ್ ಚೀಲ ಬೇಕು, ಅಲ್ಯೂಮಿನಿಯಂಗೆ ಆಗದು. ಕಾಸ್ಟಿಕ್ ಸೋಡಾ ಸಾಬೂನು ತಯಾರಿಸುವವರ ಸಾಮಾನು. ಚರ್ಮ, ಕಣ್ಣು ಎರಡನ್ನೂ ಸುಡುತ್ತದೆ. ಅಲ್ಯೂಮಿನಿಯಂ ತಾಗಿದರೆ ಅದನ್ನು ತಿಂದು, ಶಾಖದ ಜೊತೆಗೆ ಹೊತ್ತಿಕೊಳ್ಳುವ ಹೈಡ್ರೋಜನ್ ಅನಿಲವನ್ನೂ ಬಿಡುತ್ತದೆ. ಮೂರೂ ಬೆಳ್ಳಗೆ, ಪೊಟ್ಟಣದಲ್ಲಿ ನೋಡಿದರೆ ಗುರುತು ಹತ್ತುವುದಿಲ್ಲ!

ನಾವು ಚಿಕ್ಕವರಿದ್ದಾಗ ಈ ತಾಪತ್ರಯವೇ ಇರಲಿಲ್ಲ ಅನ್ನಿ. ದೀಪಾವಳಿಗೆ ಹಿಟ್ಟು, ಸಕ್ಕರೆ, ಡಾಲ್ಡಾ ಹೊತ್ತು ಬೇಕರಿಗೆ ಹೋಗಿ ನಾನಕಟಾಯಿ ಬೇಯಿಸಿಕೊಂಡು ಬರುತ್ತಿದ್ದೆವು. ಭಟ್ಟಿ ತೊಳೆಯುವ ಚಿಂತೆ ಬೇಕರಿಯವನದು.

ಜಿಡ್ಡು ಇಷ್ಟು ಹಟ ಮಾಡುವುದೇಕೆ? ನಮ್ಮ ಎರಿ ಹೊಲದ ಕುಸುಬಿ ಎಣ್ಣೆಯನ್ನೇ ನೋಡಿ. ಅದು ಬಣ್ಣ, ವಾರ್ನಿಷ್ ತಯಾರಿಸಲಿಕ್ಕೂ ಬಳಕೆಯಾಗುವಂಥದ್ದು. ತೆಳ್ಳಗೆ ಹರಡಿ ಗಾಳಿ ತಾಗಿದರೆ ಒಣಗಿ ಪೊರೆಗಟ್ಟುವುದೇ ಅದರ ಗುಣ, ಶಾಖ ತಾಗಿದರೆ ಇನ್ನೂ ಬೇಗ. ಸೂರ್ಯಕಾಂತಿ ಎಣ್ಣೆಯೂ ಹೆಚ್ಚುಕಡಿಮೆ ಹೀಗೇ. ಶೇಂಗಾ ಎಣ್ಣೆ ತುಸು ನಿಧಾನ. ಅಂದರೆ ಓವನ್ನಿನೊಳಗೆ ನಾವೇ ವಾರ್ನಿಷ್ ಹೊಡೆದಂತೆ! ಅಂದಂದೇ ಉಗುರುಬೆಚ್ಚಗಿರುವಾಗ ಒರೆಸಿದರೆ ಎಣ್ಣೆ, ವಾರ ಬಿಟ್ಟರೆ ಮೇಣ, ವರ್ಷ ಬಿಟ್ಟರೆ ಅರಗು. ನಮ್ಮವ್ವ ಒಲೆಯ ಬೂದಿಯಿಂದ ಬಾಣಲೆ ತಿಕ್ಕುತ್ತಿದ್ದಳು. ಬೂದಿಯಲ್ಲಿರುವ ಕ್ಷಾರವೂ ಸೋಡಾದಂತೆಯೇ ಜಿಡ್ಡನ್ನು ಬಿಡಿಸುತ್ತದೆ.

ಓವನ್ನಿಗೆ ತಿನ್ನುವ ಸೋಡಾ ಒಂದೇ ಸಾಕು. ಮೊದಲು ಪ್ಲಗ್ ಕಿತ್ತಿಡಿ. ಬರೀ ಬಟನ್ ಬಂದ್ ಮಾಡಿದರೆ ಸಾಲದು. ಪೂರ್ತಿ ಆರಲಿ, ಕಾದ ಗಾಜಿಗೆ ತಣ್ಣೀರು ತಾಗಿದರೆ ಸೀಳುತ್ತದೆ. ತಟ್ಟೆ, ಜಾಳಿಗೆ ಹೊರತೆಗೆದು ಪಾತ್ರೆ ತೊಳೆಯುವ ಸಾಬೂನಿನ ಬಿಸಿನೀರಿನಲ್ಲಿ ಒಂದು ತಾಸು ನೆನೆಯಿಡಿ. ನಾಲ್ಕು ಚಮಚ ಸೋಡಾಕ್ಕೆ ಒಂದೆರಡು ಚಮಚ ನೀರು ಕಲಸಿ ಚಟ್ನಿಯ ಹದಕ್ಕೆ ತಂದು, ಒಳಗೋಡೆಗೆ, ಗಾಜಿಗೆ ಬಳಿಯಿರಿ. ಕಾಯುವ ಸಲಾಕೆಗಳಿಗೆ ಮಾತ್ರ ತಾಗಿಸಬೇಡಿ, ನೀರನ್ನೂ ಚಿಮುಕಿಸಬೇಡಿ. ಒಳಗೋಡೆ ಅಲ್ಯೂಮಿನಿಯಂ ಆಗಿದ್ದರೆ ಅರ್ಧ ತಾಸಿಗೇ ಒರೆಸಿ, ಇಲ್ಲವಾದರೆ ಕಪ್ಪಾಗುತ್ತದೆ. ಉಳಿದವಕ್ಕೆ ರಾತ್ರಿಯಿಡೀ ಇರಲಿ. ಬೆಳಿಗ್ಗೆ ಹಸಿ ಬಟ್ಟೆಯಿಂದ ನಾಲ್ಕೈದು ಸಲ ಒರೆಸಿ. ತಂತಿಯ ಬ್ರಶ್ಶು, ಚಾಕು ಬೇಡ. ಒಂದೇ ಸಲಕ್ಕೆ ಹೋಗದಿದ್ದರೆ ಮತ್ತೊಮ್ಮೆ ಬಳಿಯಿರಿ, ಖಾರವಾದದ್ದನ್ನು ಹುಡುಕಿಕೊಂಡು ಹೋಗಬೇಡಿ. ಬಾಗಿಲು ತೆರೆದಿಟ್ಟು ಚೆನ್ನಾಗಿ ಒಣಗಿಸಿ, ಹತ್ತು ನಿಮಿಷ ಖಾಲಿ ಓವನ್ ಕಾಯಿಸಿದ ಮೇಲೆಯೇ ಅಡುಗೆಗೆ ಬಳಸಿ.

ಪಾಯಖಾನೆಯ ಆಸಿಡ್ಡನ್ನು ಅಡುಗೆಮನೆಗೆ ತರಲೇಬೇಡಿ. ಅದಕ್ಕೆ ಬ್ಲೀಚಿಂಗ್ ಪೌಡರ್ ಕೂಡಿದರೆ ಹೊರಡುವ ಕ್ಲೋರಿನ್ ಅನಿಲ ಉಸಿರನ್ನೇ ಕಟ್ಟಿಸುತ್ತದೆ. ಇಂಥ ಯಾವುದನ್ನೂ ತಂಪು ಪಾನೀಯದ ಬಾಟಲಿಯಲ್ಲಿ ತುಂಬಿಡಬೇಡಿ, ಮಕ್ಕಳಿಗೆ ಅದು ಶರಬತ್ತೇ. ಕಾಸ್ಟಿಕ್ ಕಣ್ಣಿಗೋ ಮೈಗೋ ಬಿದ್ದರೆ ಕನಿಷ್ಠ 20 ನಿಮಿಷ ಹರಿಯುವ ನೀರು ಬಿಟ್ಟು ಡಾಕ್ಟರ ಬಳಿಗೆ ಹೋಗಿ. ನುಂಗಿದರೆ ಬಾಯಿ ಮುಕ್ಕಳಿಸಿ ತಕ್ಷಣ ದವಾಖಾನೆಗೆ ಒಯ್ಯಿರಿ. ವಾಂತಿ ಮಾಡಿಸಬೇಡಿ, ಲಿಂಬೆರಸ ಕುಡಿಸಬೇಡಿ.

ಓವನ್ ಇಲ್ಲದ ಮನೆಯಲ್ಲೂ ಗ್ಯಾಸಿನ ಒಲೆಯಂತೂ ಇದ್ದೇ ಇರುತ್ತದೆ. ಅದಕ್ಕೂ ಇದೇ ಮದ್ದು. ಮೊದಲು ರೆಗ್ಯುಲೇಟರ್ ಬಂದ್ ಮಾಡಿ. ಅಥಣಿಯ ನನ್ನ ತವರಿನಲ್ಲಿ ಸೀಮೆಎಣ್ಣೆ ಬಟ್ಟೆಯಿಂದ ಒಲೆ ಒರೆಸುವ ರೂಢಿಯಿತ್ತು. ಫಳಫಳ ಹೊಳೆಯುತ್ತದೆ ನಿಜ, ಕಡ್ಡಿ ಗೀರಿದಾಗ ಏನಾದೀತು ನೀವೇ ಊಹಿಸಿ. ಹಿತ್ತಾಳೆಯ ಬರ್ನರ್ ಇದ್ದರೆ ಹುಣಸೆಹಣ್ಣಿನ ನೀರಿನಲ್ಲಿ ತಿಕ್ಕಿ, ತೂತುಗಳನ್ನು ಸೂಜಿಯಿಂದ ಬಿಡಿಸಿ, ಬಿಸಿಲಿಗೆ ಒಣಗಿಸಿ. ಹಸಿಯಿದ್ದಾಗ ಕೂಡಿಸಿದರೆ ಉರಿ ಹಳದಿಯಾಗಿ ಪಾತ್ರೆಗೆ ಮಸಿ ಹಿಡಿಯುತ್ತದೆ. ಉರಿ ನೀಲಿಯಾಗಿ ಬಂದಮೇಲೆ ಹಾಲು ಕಾಯಿಸಲಿಡಿ.