ಹಾರದಕ್ಕನ ಹತ್ತರ ಹೂವು

ಒಂದು ರೂಪಾಯಿ ನೋಟಿನಲ್ಲಿ ಹೂವು ಪೂರ್ತಿ ಅರಳುವುದಿಲ್ಲ. ಹತ್ತರ ನೋಟಿನಲ್ಲಿ ಅರಳುತ್ತದೆ. ಯಾಕೆ ಎಂದು ಕೇಳಿದರೆ ಹಾರದಕ್ಕ ನಗುತ್ತಾರೆ, ಎರಡೂ ನೋಟನ್ನು ಮಡಿಚಿ ಮುಂದಿಡುತ್ತಾರೆ. ಸ್ಕೇಲು ಹಿಡಿದರೆ ಲೆಕ್ಕ ಸಿಗುತ್ತದೆ. ಈಗಿನ ಹತ್ತರ ನೋಟು 12.3 ಸೆಂ.ಮೀ. ಉದ್ದ, 6.3 ಸೆಂ.ಮೀ. ಅಗಲ. ಅದನ್ನು ಸೀರೆಯ ನೆರಿಗೆ ಹಿಡಿದಂತೆ ಹಿಂದೆ ಮುಂದೆ ಮಡಿಚುತ್ತ ಹೋಗಿ, ಸರಿಯಾಗಿ ನಡುವೆ ದಾರ ಬಿಗಿದರೆ, ಎರಡು ಪಕ್ಕವೂ ಅರ್ಧರ್ಧ ವೃತ್ತವಾಗಿ ಬಿಚ್ಚಿಕೊಂಡು ಒಂದನ್ನೊಂದು ಮುಟ್ಟಬೇಕು. ಆ ಅರ್ಧ ವೃತ್ತದ ಅಂಚಿಗೆ ಬೇಕಾದದ್ದು ಸುಮಾರು 9.9 ಸೆಂ.ಮೀ. ಹತ್ತರ ನೋಟಿನಲ್ಲಿ ಅಷ್ಟೂ ಸಿಕ್ಕಿ ಇನ್ನೂ ಮಿಗುತ್ತದೆ. ಒಂದು ರೂಪಾಯಿ ನೋಟಿನ ಉದ್ದ 9.7 ಮಾತ್ರ. ಎಷ್ಟು ಎಳೆದರೂ ಸಣ್ಣದೊಂದು ಬಿರುಕು ಉಳಿದುಬಿಡುತ್ತದೆ.

ಮಂಡ್ಯ ಜಿಲ್ಲೆಯ ತಾಲ್ಲೂಕು ಕೇಂದ್ರವೊಂದರಲ್ಲಿ, ಹೂವಿನ ಅಂಗಡಿಗಳ ಸಾಲಿಗೆ ಬೆನ್ನು ಮಾಡಿದ ಓಣಿಯಲ್ಲಿ ಅವರ ಮನೆ. ಊರಿನವರಿಗೆ ಅವರು ಹಾರದಕ್ಕ. ನಿಜವಾದ ಹೆಸರು ಕೇಳಿದ್ದಕ್ಕೆ, ‘ಬರೀಬ್ಯಾಡಿ ಕಣಪ್ಪ, ಮನೇಲಿ ಮಂದಿ ದುಡ್ಡು ಇರ್ತದೆ’ ಎಂದರು. ನ್ಯಾಯವಾದ ಮಾತು. ಮದುವೆ ಕಾಲದಲ್ಲಿ ಆ ಮನೆಯ ಸ್ಟೀಲ್ ಡಬ್ಬಿಗಳಲ್ಲಿ ಅಕ್ಕಿ ಬೇಳೆಯ ಜೊತೆಗೆ ಊರವರ ನೋಟಿನ ಕಟ್ಟುಗಳೂ ಇರುತ್ತವೆ.

ನೋಟಿನ ಹಾರ ನಮಗೇನೂ ಹೊಸದಲ್ಲ. ಮದುವೆ ಗಂಡಿಗೆ ಸೋದರಮಾವ ಹಾಕುವುದು, ನಿವೃತ್ತನಾಗಿ ಊರಿಗೆ ಬಂದ ಯೋಧನಿಗೆ ಗೆಳೆಯರು ಹಾಕುವುದು, ಗೆದ್ದ ಪೈಲ್ವಾನನಿಗೆ, ಓಟದಲ್ಲಿ ಗೆದ್ದ ಎತ್ತಿಗೂ ಹಾಕುವುದು ಎಲ್ಲರೂ ಕಂಡದ್ದೇ. ದುಡ್ಡನ್ನು ದುಡ್ಡೆಂದು ಕೈಗಿಡಲು ಸಂಕೋಚಪಡುವ ಜನ ಅದನ್ನು ಹೂವಿನ ವೇಷದಲ್ಲಿ ಕೊಡುತ್ತಾರೆ. ಆದರೆ ಪೇಟೆಯಲ್ಲಿ ಸಿಗುವ ಹೆಚ್ಚಿನ ಹಾರಗಳನ್ನು ಬಿಚ್ಚಿ ನೋಡಿದವರಿಗೆ ಅದರ ಇನ್ನೊಂದು ಮುಖ ಗೊತ್ತು. ಒಂದೊಂದು ನೋಟಿಗೂ ಸ್ಟೇಪ್ಲರ್ ಪಿನ್ನು, ಗೋಂದು, ಸೆಲ್ಲೋಟೇಪು. ಬಿಡಿಸುವಾಗ ಅರ್ಧ ನೋಟು ಕೈಗೆ, ಅರ್ಧ ಟೇಪಿಗೆ. ಹಾರದಕ್ಕನ ಹಾರದಲ್ಲಿ ಪಿನ್ನಿಲ್ಲ, ಅಂಟಿಲ್ಲ, ತೂತಿಲ್ಲ. ಹಿಂದುಗಡೆ ಇಳಿಬಿದ್ದ ದಾರದ ತುದಿ ಹಿಡಿದು ಎಳೆದರೆ ಹೂವುಗಳು ಒಂದೊಂದಾಗಿ ಬಿಚ್ಚಿ ಮಡಿಲಿಗೆ ಬೀಳುತ್ತವೆ. ನೋಟಿನಲ್ಲಿ ನೆರಿಗೆಯ ಗುರುತು ಬಿಟ್ಟರೆ ಬೇರೇನೂ ಉಳಿಯುವುದಿಲ್ಲ. ನಾನು ಅವರನ್ನು ಹುಡುಕಿಕೊಂಡು ಹೋದದ್ದೇ ಆ ಗಂಟನ್ನು ನೋಡಲು.

ಅವರು ಹುಟ್ಟಿನಿಂದ ಹೂ ಕಟ್ಟುವವರು. ಕನಕಾಂಬರ, ಮಲ್ಲಿಗೆ, ಸೇವಂತಿಗೆಯಲ್ಲಿ ಪಳಗಿದ ಬೆರಳು. ನೋಟು ಅವರ ಕೈಗೆ ಬಂದದ್ದು ನಾಟಕದಿಂದ. ಪಕ್ಕದ ಬೀದಿಯಲ್ಲಿ ಪೌರಾಣಿಕ ನಾಟಕಗಳಿಗೆ ಪರದೆ, ಕಿರೀಟ, ಗದೆ ಬಾಡಿಗೆಗೆ ಕೊಡುವ ಡ್ರಾಮಾ ಸೀನರಿ ಅಂಗಡಿ ಇತ್ತು. ಅಲ್ಲಿಗೆ ಬಂದಿದ್ದ ಒಬ್ಬಾತ ಹತ್ತರ ನೋಟಿನ ಕಟ್ಟು ಹಿಡಿದು ಇವರ ಬಾಗಿಲಿಗೂ ಬಂದ. ‘ನಮ್ ಭಾವಂದು ದುರ್ಯೋಧನನ ಪಾರ್ಟು. ಮಲ್ಲಿಗೆ ಕಟ್ಟೋ ಹಂಗೆ ಇದ್ನೂ ಕಟ್ಕೊಡಕ್ಕ ಅಂದ. ಹೂವಿಗಾದ್ರೆ ತೊಟ್ಟು ಅದೆ, ನೋಟಿಗೆ ಎಲ್ಲದೆ ತೊಟ್ಟು? ಒಂದು ರಾತ್ರಿ ಕೂತು ಯೋಚ್ನೆ ಮಾಡಿದೆ.’

ತೊಟ್ಟಿಲ್ಲದ ಹೂವಿಗೆ ಅವರು ಕಂಡುಕೊಂಡ ಉಪಾಯ ಹೀಗಿದೆ. ನೋಟನ್ನು ಉದ್ದಕ್ಕೆ ಹನ್ನೆರಡು ನೆರಿಗೆ ಹಿಡಿಯುತ್ತಾರೆ. ಒಂದು ನೆರಿಗೆ ಸುಮಾರು ಒಂದು ಸೆಂ.ಮೀ., ಅಳತೆಗೆ ಹೆಬ್ಬೆರಳ ಉಗುರೇ ಗುರುತು. ಆದರೆ ಆ ಉಗುರು ನೋಟಿಗೆ ತಾಕಬಾರದು. ‘ಉಗುರು ಹಾಕಿದ್ರೆ ಗೆರೆ ಹೋಗಲ್ಲ. ಬೆರಳ ತುದೀಲಿ ಒತ್ತಿ ಬುಟ್ಬುಡಬೇಕು.’ ನೋಟಿನ ಕಾಗದ ಹತ್ತಿಯದು, ಮರದ ತಿರುಳಿನದಲ್ಲ. ಆದ್ದರಿಂದ ಮೆತ್ತಗಿನ ಮಡಿಕೆಯನ್ನು ಅದು ಮರೆಯುತ್ತದೆ, ಉಗುರಿನ ಮಡಿಕೆಯನ್ನು ಮರೆಯುವುದಿಲ್ಲ. (ಆ ಕಾಗದವೂ ನೋಟೂ ತಯಾರಾಗುವ ಜಾಗಗಳಲ್ಲಿ ಮೈಸೂರೂ ಒಂದು. 1996ರಿಂದ ಅಲ್ಲಿ ನೋಟು ಅಚ್ಚಾಗುತ್ತಿದೆ. ಹಾರದಕ್ಕನಿಗೆ ಇದು ಗೊತ್ತಿದೆ. ‘ನಮ್ ಮೈಸೂರಿನ ಹೂವೇ ಇದೂ’ ಎನ್ನುತ್ತಾರೆ.)

ಮಲ್ಲಿಗೆಗಾದರೆ ಬಾಳೆನಾರು. ಆದರೆ ನಾರು ಬಗ್ಗಬೇಕಾದರೆ ಒದ್ದೆಯಿರಬೇಕು, ನೋಟು ಒದ್ದೆಯಾಗಬಾರದು. ಹಾಗಾಗಿ ನಾರು ಬಿಟ್ಟು ನೂಲಿಗೆ ಬಂದರು. ನಡುವೆ ಎರಡು ಸುತ್ತು ಸುತ್ತಿ ಜೀರುಗುಣಿಕೆ ಹಾಕುತ್ತಾರೆ. ಎರಡು ಪಕ್ಕವನ್ನೂ ಬಿಡಿಸಿ, ಮಿಕ್ಕ ನೆರಿಗೆಯನ್ನು ಎದುರಿನ ನೆರಿಗೆಯೊಳಗೆ ಸಿಕ್ಕಿಸುತ್ತಾರೆ. ಅಂಟಿನ ಕೆಲಸವನ್ನು ಆ ಸಿಕ್ಕಿಸಿದ ನೆರಿಗೆಯೇ ಮಾಡುತ್ತದೆ. ಹೂವಿನಿಂದ ಹೂವಿಗೆ ಅದೇ ನೂಲು ಮುಂದುವರಿಯುತ್ತದೆ. ಕೊನೆಗೆ ಜರಿ ರಿಬ್ಬನ್ನು, ಪದಕದ ಜಾಗದಲ್ಲಿ ಕುಚ್ಚು. ರಿಬ್ಬನ್ನಿನ ಕೆಲಸವನ್ನು ನಾನು ಸರಿಯಾಗಿ ನೋಡಲಿಲ್ಲ, ನೋಡುವಂಥದ್ದೂ ಅದರಲ್ಲಿ ಇರಲಿಲ್ಲ.

ನೋಟಿನ ಯಾವ ಬದಿ ಹೊರಗೆ ಬರಬೇಕು ಎನ್ನುವುದಕ್ಕೂ ನೇಮವಿದೆ. ಗಾಂಧಿ ಮುಖ ನೆರಿಗೆಗೆ ಸಿಕ್ಕಿ ಮುರಿದು ಕಾಣಬಾರದೆಂದು ಆ ಬದಿಯನ್ನು ಒಳಗೆ ಮಾಡುತ್ತಾರೆ. ಹತ್ತರ ಹಿಂಬದಿಯಲ್ಲಿ ಕೋನಾರ್ಕದ ಸೂರ್ಯ ದೇವಾಲಯವಿದೆ, ಐವತ್ತರಲ್ಲಿ ನಮ್ಮ ಹಂಪಿಯ ಕಲ್ಲಿನ ರಥ. ಐವತ್ತರ ಹಾರ ಕೇಳುವವರು ಹೆಚ್ಚಂತೆ. ಆ ನೀಲಿ ಫೋಟೋದಲ್ಲಿ ಚೆನ್ನಾಗಿ ಬರುತ್ತದೆ. ಐನೂರರ ಹೂವು ಹತ್ತರ ಹೂವಿಗಿಂತ ಬರೀ ಮೂರು ಮಿಲಿಮೀಟರ್ ಅಗಲ. ಐವತ್ತರಿಂದ ಐನೂರರವರೆಗೆ ನೋಟಿನ ಅಗಲ ಒಂದೇ, 6.6 ಸೆಂ.ಮೀ.; ಉದ್ದ ಮಾತ್ರ ಏರುತ್ತದೆ. ಅಂದರೆ ಬೆಲೆ ಹೆಚ್ಚಾದಷ್ಟೂ ಹೂವು ದೊಡ್ಡದಾಗುವುದಿಲ್ಲ, ನೆರಿಗೆ ಮಾತ್ರ ಒತ್ತಾಗುತ್ತದೆ. ಕೂಲಿಯೂ ಹಾಗೆಯೇ: ಎಣಿಸುವುದು ನೋಟನ್ನು, ಮೊತ್ತವನ್ನಲ್ಲ. ‘ಹತ್ತರದ್ದಾದ್ರೂ ಐನೂರರದ್ದಾದ್ರೂ ಮಡಚೋಳು ನಾನೇ ತಾನೆ?’

ಇನ್ನೊಂದು ಸಂಗತಿ ನನಗೆ ಬಹಳ ಹಿಡಿಸಿತು. ಗಿರಾಕಿ ಕಟ್ಟು ತಂದುಕೊಟ್ಟ ತಕ್ಷಣ ಹಾರದಕ್ಕ ಮೊದಲ ನೋಟಿನ ನಂಬರು, ಕೊನೆಯ ನೋಟಿನ ನಂಬರು ಎರಡನ್ನೂ ಹಾಳೆಯೊಂದರಲ್ಲಿ ಬರೆಸಿಕೊಳ್ಳುತ್ತಾರೆ. ಅವರಿಗೆ ಓದು ಅಷ್ಟಕ್ಕಷ್ಟೆ, ಅಂಕಿ ಮಾತ್ರ ಪಕ್ಕಾ. ಹೂವುಗಳನ್ನೂ ಅದೇ ಅನುಕ್ರಮದಲ್ಲಿ ಕಟ್ಟುತ್ತಾರೆ. ನಡುವೆ ಒಂದು ನೋಟು ಹೆಚ್ಚುಕಡಿಮೆಯಾದರೆ ಎಣಿಸದೆಯೇ ಗೊತ್ತಾಗುತ್ತದೆ. ಊರಿನ ದುಡ್ಡು ಆ ಸ್ಟೀಲ್ ಡಬ್ಬಿಯಲ್ಲಿ ನೆಮ್ಮದಿಯಿಂದ ಇರುವುದು ಈ ಹಾಳೆಯ ಬಲದಿಂದ.

ಇತಿಹಾಸ ಕೇಳಿದ್ದಕ್ಕೆ ಅವರು ಕೈ ತೋರಿಸಿದ್ದು ಅದೇ ಬೀದಿಯ ಹಾರ್ಮೋನಿಯಂ ಮೇಷ್ಟ್ರ ಕಡೆಗೆ. ಎಂಬತ್ತು ದಾಟಿದ ಮೇಷ್ಟ್ರ ಪ್ರಕಾರ ಮೊದಲು ಹಾರವಿರಲಿಲ್ಲ, ಚುಚ್ಚುವುದಿತ್ತು. ‘ಕುರುಕ್ಷೇತ್ರ’ದಲ್ಲಿ ಅರ್ಜುನ ಒಳ್ಳೆಯ ಕಂದವೊಂದನ್ನು ಎತ್ತರದ ಶ್ರುತಿಯಲ್ಲಿ ಹೇಳಿದ ಕೂಡಲೇ ಯಾರೋ ರಂಗಕ್ಕೆ ಹತ್ತಿ ಅವನ ಅಂಗಿಗೆ ಒಂದು ರೂಪಾಯಿ ನೋಟನ್ನು ಗುಂಡುಪಿನ್ನಿನಲ್ಲಿ ಚುಚ್ಚುತ್ತಿದ್ದರು. ಉತ್ತರ ಕರ್ನಾಟಕದ ಬಯಲಾಟ, ನಾಟಕಗಳಲ್ಲೂ ಇದೇ ರೂಢಿ. ಅಲ್ಲಿ ಅದಕ್ಕೆ ಆಯೇರಿ ಎನ್ನುತ್ತಾರೆ, ಮಾಡಿದವರ ಹೆಸರನ್ನು ಮೈಕಿನಲ್ಲಿ ಕೂಗುತ್ತಾರೆ. 1994ರಲ್ಲಿ ಸರ್ಕಾರ ಒಂದು ರೂಪಾಯಿ ನೋಟಿನ ಮುದ್ರಣ ನಿಲ್ಲಿಸಿತು, ಮರುವರ್ಷ ಎರಡು ಮತ್ತು ಐದರದ್ದನ್ನೂ. ನಾಣ್ಯವನ್ನು ಚುಚ್ಚಲಾಗುವುದಿಲ್ಲವಲ್ಲ! ಹತ್ತಕ್ಕೆ ಏರಿದ ಮೇಲೆ ಚುಚ್ಚುವುದು ಹೋಗಿ ಹಾರ ಬಂತು ಎನ್ನುವುದು ಮೇಷ್ಟ್ರ ಸಿದ್ಧಾಂತ. ಒಂದು ರೂಪಾಯಿ ನೋಟು 2015ರಲ್ಲಿ ಮತ್ತೆ ಬಂತು, ಆದರೆ ಅಷ್ಟರಲ್ಲಿ ಕಾಲ ಮಿಂಚಿತ್ತು. ಇದು ಎಷ್ಟು ಕರಾರುವಾಕ್ಕೋ, ಮೇಷ್ಟ್ರ ಮಾತಿನಲ್ಲಿ ರಂಜನೆಯಂತೂ ಇದೆ.

ಹಳ್ಳಿಯ ಪೌರಾಣಿಕ ನಾಟಕದ ಲೆಕ್ಕಾಚಾರ ತಿಳಿಯದವರಿಗೆ ಹಾರದ ಬೆಲೆಯೂ ತಿಳಿಯುವುದಿಲ್ಲ. ಅಲ್ಲಿ ಪಾತ್ರಧಾರಿಗೆ ಸಂಬಳವಿಲ್ಲ, ಅವನೇ ಪಾತ್ರಕ್ಕೆ ದುಡ್ಡು ಕಟ್ಟುತ್ತಾನೆ. ದುರ್ಯೋಧನ, ಕೃಷ್ಣನಂಥ ಪಾತ್ರಕ್ಕೆ ಹೆಚ್ಚು ಕಟ್ಟಬೇಕು. ಸೀನರಿ, ಮೇಷ್ಟ್ರ ಸಂಭಾವನೆ, ಊಟ ಎಲ್ಲ ಅದರಲ್ಲೇ ಆಗಬೇಕು. ತಿಂಗಳುಗಟ್ಟಲೆ ರಾತ್ರಿ ಅಭ್ಯಾಸ ಮಾಡಿ, ಎಮ್ಮೆ ಮಾರಿಯಾದರೂ ಗದೆ ಹಿಡಿದವನ ಕೊರಳಿಗೆ ನೆಂಟರು ಹಾಕುವ ನೋಟಿನ ಹಾರ ಮೆಚ್ಚುಗೆಯೂ ಹೌದು, ಕೈಸಾಲದ ಭಾರ ಇಳಿಸುವ ಉಪಾಯವೂ ಹೌದು. ಯುದ್ಧ ನಿಲ್ಲಿಸಿ, ಹಾರ್ಮೋನಿಯಂ ತಡೆದು, ಭಾವಮೈದ ಹಾರ ಹಾಕಿ ಫೋಟೋ ತೆಗೆಸಿಕೊಳ್ಳುವುದನ್ನು ಪೇಟೆಯವರು ನಗುತ್ತ ನೋಡಬಹುದು. ನನಗದು ನಗುವ ವಿಷಯವಲ್ಲ.

ಮದುವೆಯ ಮುಯ್ಯಿಯೂ ಇದೇ ಬಳಗದ್ದು. ಛತ್ರದ ಬಾಗಿಲಲ್ಲಿ ನೋಟ್‌ಬುಕ್ ಹಿಡಿದು ಕೂತವರು ಹೆಸರು, ಊರು, ಮೊತ್ತ ಬರೆದುಕೊಳ್ಳುತ್ತಾರೆ. ನಾಳೆ ಅವರ ಮನೆಯ ಮದುವೆಗೆ ಅದಕ್ಕಿಂತ ತುಸು ಹೆಚ್ಚು ಹಿಂದಿರುಗಬೇಕು. ಒಂದು ಬಗೆಯ ಊರಸಾಲ. ನೂರಾ ಒಂದು, ಐನೂರಾ ಒಂದು ಎಂದು ಒಂದನ್ನು ಸೇರಿಸಿಯೇ ಕೊಡುವ ರೂಢಿಗೆ ಬೆಂಗಳೂರಿನ ಸುಲ್ತಾನಪೇಟೆಯ ಕಾರ್ಡಿನಂಗಡಿಗಳು ರೂಪಾಯಿ ನಾಣ್ಯ ಅಂಟಿಸಿದ ಬಣ್ಣದ ಕವರು ಕೊಟ್ಟಿವೆ. ಈಗ ಆರತಕ್ಷತೆಯ ವೇದಿಕೆ ಪಕ್ಕ ಕ್ಯೂಆರ್ ಕೋಡೂ ನಿಂತಿದೆ. ಅದಕ್ಕೆ ಕಳಿಸುವವರೂ 501 ಎಂದೇ ಒತ್ತುತ್ತಾರೆ!

ವರಮಹಾಲಕ್ಷ್ಮಿ ಹಬ್ಬ ಹಾರದಕ್ಕನಿಗೆ ಎರಡನೇ ಸುಗ್ಗಿ. ಆಷಾಢದಲ್ಲಿ ಮದುವೆಯಿಲ್ಲದೆ ಖಾಲಿ ಕೂತವರಿಗೆ ಶ್ರಾವಣ ಬರುತ್ತಲೇ ಕೈತುಂಬ ಕೆಲಸ. ಕಳಶದ ಲಕ್ಷ್ಮಿಗೆ ಹಾರ, ಹಿಂದೆ ಪ್ರಭಾವಳಿ, ಶ್ರೀಮಂತರ ಮನೆಯಾದರೆ ನೋಟಿನದೇ ನೆರಿಗೆ ಸೀರೆ. ಹಬ್ಬ ಮುಗಿದ ಮೇಲೆ ಎಳೆದರೆ ಬಿಚ್ಚುವ ಗಂಟಿನ ಬೆಲೆ ಆ ಮನೆಯವರಿಗೆ ತಿಳಿಯುತ್ತದೆ.

ಕಷ್ಟಗಳಿಗೇನು ಬರ? ಹೊಸ ಹತ್ತರ ಕಟ್ಟು ಬ್ಯಾಂಕಿನಲ್ಲಿ ಸುಲಭಕ್ಕೆ ಸಿಗುವುದಿಲ್ಲ, ಪೇಟೆಯಲ್ಲಿ ಸಾವಿರ ರೂಪಾಯಿಯ ಕಟ್ಟಿಗೆ ಸಾವಿರಕ್ಕಿಂತ ಹೆಚ್ಚು ಕೊಡಬೇಕು. ದುಡ್ಡನ್ನು ದುಡ್ಡು ಕೊಟ್ಟು ಕೊಳ್ಳುವ ವ್ಯಾಪಾರ. ಚುನಾವಣೆ ಬಂದರೆ ಇನ್ನೊಂದು ಫಜೀತಿ. ನೀತಿಸಂಹಿತೆ ಇರುವಾಗ 50,000 ರೂಪಾಯಿಗಿಂತ ಹೆಚ್ಚು ನಗದಿಗೆ ದಾಖಲೆ ತೋರಿಸಬೇಕು. ಕಳೆದೆರಡು ಚುನಾವಣೆಗಳೂ, 2023ರದ್ದು, 2024ರದ್ದು, ಮದುವೆ ಕಾಲಕ್ಕೇ ಬಂದವು. ಚೆಕ್‌ಪೋಸ್ಟಿನಲ್ಲಿ ಹಾರದ ಹೂವು ಎಣಿಸುವ ಪೊಲೀಸರನ್ನು ಹಾರದಕ್ಕ ಅಭಿನಯಿಸಿ ತೋರಿಸಿದರು. 2016ರ ನವೆಂಬರಿನಲ್ಲಿ ಐನೂರು, ಸಾವಿರದ ನೋಟು ರದ್ದಾದಾಗ ಮಾತ್ರ ಹತ್ತರ ಹಾರಕ್ಕೆ ರಾಜಮರ್ಯಾದೆ. ದೇವರ ಫೋಟೋಕ್ಕೆ ಹಾಕಿದ್ದ ಹಾರದ ದಾರ ಎಳೆದು ಜನ ತರಕಾರಿ ತಂದರಂತೆ.

ರಿಸರ್ವ್ ಬ್ಯಾಂಕಿನ ಆಕ್ಷೇಪವೂ ಇದೆ. 1999ರ ಸ್ವಚ್ಛ ನೋಟು ನೀತಿಯ ಬೆನ್ನಿಗೆ ಅದು ಕಟ್ಟುಗಳಿಗೆ ಸ್ಟೇಪ್ಲರ್ ಹೊಡೆಯಬೇಡಿ ಎಂದು ಬ್ಯಾಂಕುಗಳಿಗೆ ತಾಕೀತು ಮಾಡಿದೆ. ಹಾರ ಮಾಡಬೇಡಿ, ಪೆಂಡಾಲು ಸಿಂಗರಿಸಬೇಡಿ, ಜನರ ಮೇಲೆ ತೂರಬೇಡಿ ಎಂದು ಸಾರ್ವಜನಿಕರನ್ನೂ ಕೇಳಿಕೊಂಡಿದೆ. 2010ರ ಮಾರ್ಚಿನಲ್ಲಿ ಲಕ್ನೋದ ಸಭೆಯಲ್ಲಿ ಉತ್ತರ ಪ್ರದೇಶದ ಆಗಿನ ಮುಖ್ಯಮಂತ್ರಿ ಮಾಯಾವತಿಯವರಿಗೆ ಹಾಕಿದ ಸಾವಿರದ ನೋಟುಗಳ ದೈತ್ಯ ಹಾರ ಸಂಸತ್ತಿನಲ್ಲೇ ಗದ್ದಲವೆಬ್ಬಿಸಿತ್ತು. ಅಂಥ ಹಾರದ ಮೇಲೆ ನನಗೂ ಪ್ರೀತಿಯಿಲ್ಲ. ಆದರೆ ನೋಟು ಕೆಡುವುದು ಪಿನ್ನಿನಿಂದ, ಗೋಂದಿನಿಂದ. ಮೂವತ್ತು ವರ್ಷದಿಂದ ಎರಡನ್ನೂ ಮುಟ್ಟದ ಹೆಂಗಸನ್ನೂ ಅದೇ ಸಾಲಿಗೆ ಸೇರಿಸುವುದು ಸರಿಯಲ್ಲ.

ಮೊಮ್ಮಗಳು ಇದನ್ನು ಕಲಿಯಲಿಲ್ಲ. ಅವಳು ಹುಟ್ಟುಹಬ್ಬಕ್ಕೆ ‘ಮನಿ ಕೇಕ್’ ಮಾಡಿಕೊಡುತ್ತಾಳೆ. ಕೇಕಿನ ನಡುವಿನ ಹಿಡಿ ಹಿಡಿದು ಎಳೆದರೆ ಪ್ಲಾಸ್ಟಿಕ್ ಪಟ್ಟಿಯೊಳಗೆ ಸಾಲಾಗಿ ಕೂತ ನೋಟುಗಳು ಮೇಲೇಳುತ್ತವೆ. ಆರ್ಡರು ಇನ್‌ಸ್ಟಾಗ್ರಾಮಿನಲ್ಲಿ ಬರುತ್ತವೆ. ನೋಟಿನ ಹೂಗುಚ್ಛ, ಪಾರದರ್ಶಕ ಬಲೂನಿನೊಳಗೆ ನೋಟು, ಇವೂ ಉಂಟು. ಹಾರದಕ್ಕನಿಗೆ ಪ್ಲಾಸ್ಟಿಕ್ ಎಂದರೆ ಮೂಗು ಮುರಿತ. ನನಗೆ ಮಾತ್ರ ಆ ಹುಡುಗಿಯ ಕೆಲಸ ಹಿಡಿಸಿತು. ನೋಟಿಗೆ ಒಂದು ಮಡಿಕೆಯೂ ಬೀಳುವುದಿಲ್ಲ, ಅಜ್ಜಿಯ ನೇಮವೇ ಬೇರೆ ದಾರಿಯಲ್ಲಿ ಬಂದಂತಿದೆ. ಆದರೆ ಆ ಗಂಟು ಅವಳಿಗೆ ಬರುವುದಿಲ್ಲ, ಓಣಿಯಲ್ಲಿ ಬೇರೆ ಯಾರಿಗೂ ಬರುವುದಿಲ್ಲ. ಚಿಲ್ಡ್ರನ್ ಬ್ಯಾಂಕಿನ ಆಟದ ನೋಟಿನ ಹಾರ ಅಂಗಡಿಯಲ್ಲಿ ಅಗ್ಗಕ್ಕೆ ತೂಗಾಡುತ್ತಿದೆ. ರಾಜಕಾರಣಿಗಳಿಗೋ ಕ್ರೇನಿನಲ್ಲಿ ಸೇಬಿನ ಹಾರ ಇಳಿಯುತ್ತಿದೆ. ಹಾರದಕ್ಕನ ಬಲಗಣ್ಣಿಗೆ ಪೊರೆ ಬಂದಿದೆ. ನಂಬರು ಬರೆದ ಹಾಳೆಯನ್ನು ಈಗ ಮೊಮ್ಮಗಳೇ ಓದಿ ಹೇಳಬೇಕು.

ಮುಂದಿನ ಮಾಘದಲ್ಲೋ ವೈಶಾಖದಲ್ಲೋ ನಿಮ್ಮ ಮನೆಯಲ್ಲೂ ಯಾರಿಗಾದರೂ ನೋಟಿನ ಹಾರ ಹಾಕುವುದಿದ್ದರೆ ಸಿದ್ಧ ಹಾರ ಕೊಳ್ಳಬೇಡಿ. ನಿಮ್ಮೂರಿನಲ್ಲೂ ಹೂ ಕಟ್ಟುವವರು ಇದ್ದಾರೆ, ನೋಟು ನೀವೇ ಕೊಟ್ಟು ನೂಲಿನಲ್ಲಿ ಕಟ್ಟಿಸಿ. ಕೂಲಿಗೆ ಚೌಕಾಸಿ ಮಾಡಬೇಡಿ.