ಗೂಳೂರಿನಲ್ಲಿ ಹೊಲಿದ ವಚನಗಳು

ಸೊನ್ನಲಿಗೆಯಲ್ಲಿ ಸಿದ್ಧರಾಮ ಕೆರೆ ಕಟ್ಟಿಸುತ್ತಿದ್ದಾನೆ. ಅಲ್ಲಮಪ್ರಭು ಬಂದು ಅವನನ್ನು ಹಂಗಿಸುತ್ತಾನೆ. ರೊಚ್ಚಿಗೆದ್ದ ಕೆಲಸಗಾರರು ಕಲ್ಲು ಬೀರುತ್ತಾರೆ. ಕಲ್ಲು ಗುಡ್ಡೆಯಾಗುತ್ತದೆ, ಅಲ್ಲಮನಿಗೆ ಏನೂ ಆಗುವುದಿಲ್ಲ. ಸಿದ್ಧರಾಮನೇ ಬಂದು ಹಣೆಗಣ್ಣು ತೆರೆದರೆ ಆ ಉರಿ ಅಲ್ಲಮನ ಪಾದದಲ್ಲಿ ಅಡಗುತ್ತದೆ. ಆಮೇಲೆ ಮಾತು ಶುರುವಾಗುತ್ತದೆ, ಕೊನೆಗೆ ಇಬ್ಬರೂ ಕಲ್ಯಾಣದ ದಾರಿ ಹಿಡಿಯುತ್ತಾರೆ.

ಮುಂದಿನದ್ದೇ ತಕರಾರು. ಸಿದ್ಧರಾಮನಿಗೆ ಇಷ್ಟಲಿಂಗ ದೀಕ್ಷೆ ಆಯಿತೋ ಇಲ್ಲವೋ? ಈ ಕಥೆ ಬರುವುದು ಶರಣರ ವಚನಗಳನ್ನು ಸಂವಾದವಾಗಿ ಜೋಡಿಸಿದ ಶೂನ್ಯಸಂಪಾದನೆ ಎಂಬ ಗ್ರಂಥದಲ್ಲಿ. ಹದಿನೈದನೇ ಶತಮಾನದ ಶಿವಗಣಪ್ರಸಾದಿ ಮಹಾದೇವಯ್ಯನವರ ಮೊದಲ ಶೂನ್ಯಸಂಪಾದನೆಯಲ್ಲಿ ದೀಕ್ಷೆ ಇಲ್ಲ. ಹಲಗೆಯಾರ್ಯರು ಅದನ್ನು ಸೇರಿಸಿದರು. ಗುಮ್ಮಳಾಪುರದ ಸಿದ್ಧಲಿಂಗರು ಮತ್ತೆ ತಿದ್ದಿದರು. ನಾಲ್ಕನೆಯವರಾಗಿ ಕೈಹಾಕಿದವರು ನಮ್ಮ ತುಮಕೂರಿನ ಮಗ್ಗುಲಲ್ಲೇ ಇರುವ ಗೂಳೂರಿನ ಸಿದ್ಧವೀರಣ್ಣೊಡೆಯರು. ಅವರು ದೀಕ್ಷೆಯನ್ನು ಉಳಿಸಿಕೊಂಡರು, ಗೊಗ್ಗಯ್ಯನ ಪ್ರಸಂಗದಂಥ ಹೊಸ ಭಾಗಗಳನ್ನೂ ತಂದರು. ಮೂಲವನ್ನು ಬೆಳೆಸಿದ್ದು ಸರಿಯೇ ಎಂದು ವಿದ್ವಾಂಸರು ಕೇಳಬಹುದು. ನನಗಂತೂ ಸಿದ್ಧವೀರಣ್ಣೊಡೆಯರ ಕೆಲಸವೇ ಹೆಚ್ಚು ಇಷ್ಟ.

ಕಾರಣ ಇದು. ಹನ್ನೆರಡನೇ ಶತಮಾನದ ವಚನಗಳು ಬಿಡಿಬಿಡಿ ಮಾತುಗಳು. ಅಂಕಿತ ನೋಡಿದರೆ ಯಾರದೆಂದು ತಿಳಿಯುತ್ತದೆ. ಯಾರಿಗೆ, ಯಾವ ಹೊತ್ತಿನಲ್ಲಿ ಹೇಳಿದ್ದೆಂಬುದು ತಿಳಿಯುವುದಿಲ್ಲ. ಸಂಪಾದಕರು ಗುಹೇಶ್ವರ ಅಂಕಿತದ ಒಂದು ಮಾತನ್ನು ಪ್ರಶ್ನೆಯಾಗಿಸಿ, ಚೆನ್ನಮಲ್ಲಿಕಾರ್ಜುನ ಅಂಕಿತದ ಇನ್ನೊಂದನ್ನು ಅದಕ್ಕೆ ಉತ್ತರವಾಗಿಸುತ್ತಾರೆ. ನಡುವೆ ಎರಡು ಸಾಲು ಗದ್ಯ, ಅಷ್ಟೇ. ಅನುಭವ ಮಂಟಪದಲ್ಲಿ ಅಲ್ಲಮ ಮತ್ತು ಅಕ್ಕಮಹಾದೇವಿ ಎದುರುಬದುರು ನಿಂತುಬಿಡುತ್ತಾರೆ. ಸಾವಿರಕ್ಕೂ ಹೆಚ್ಚು ವಚನಗಳನ್ನು ಹೀಗೆ ಒಂದಕ್ಕೊಂದು ಹೊಲಿಯಬೇಕಾದರೆ ಅವೆಲ್ಲ ಬಾಯಿಪಾಠವಾಗಿದ್ದಿರಬೇಕು!

ಸೀಮೆಯೂ ಹದವಾಗಿತ್ತು. ಕುಣಿಗಲ್ ಕಡೆಯ ಕಗ್ಗೆರೆಯ ತೋಟದಲ್ಲಿ ತಪಸ್ಸು ಮಾಡಿ ಎಡೆಯೂರಿನಲ್ಲಿ ಸಮಾಧಿಯಾದ ತೋಂಟದ ಸಿದ್ಧಲಿಂಗರು ತಾವೇ ವಚನಕಾರರು. ಸಿದ್ಧವೀರಣ್ಣೊಡೆಯರು ಅವರ ಶಿಷ್ಯಪರಂಪರೆಯವರು. ಅತ್ತ ಗುಬ್ಬಿಯಲ್ಲಿ ಮಲ್ಲಣಾರ್ಯರು 1513ರಲ್ಲಿ ‘ಭಾವಚಿಂತಾರತ್ನ’, 1530ರಲ್ಲಿ ‘ವೀರಶೈವಾಮೃತ ಪುರಾಣ’ ಬರೆದು ಮುಗಿಸಿದ್ದರು.

ಆಮೇಲೆ ಓಲೆಗರಿಯಲ್ಲಿ ಶತಮಾನಗಳು ಕಳೆದವು. ವಿಜಯಪುರದಲ್ಲಿ ಮನೆ ಮಾರಿ ಮುದ್ರಣಾಲಯ ಹಾಕಿದ ಫ.ಗು. ಹಳಕಟ್ಟಿಯವರು 1930ರಲ್ಲಿ ಶೂನ್ಯಸಂಪಾದನೆಯನ್ನು ಅಚ್ಚು ಹಾಕಿಸಿದರು. 1958ರಲ್ಲಿ ಸಂ.ಶಿ. ಭೂಸನೂರಮಠರು ಗೂಳೂರಿನ ಪಾಠವನ್ನು ಪರಿಷ್ಕರಿಸಿ ತಂದರು. ಕರ್ನಾಟಕ ವಿಶ್ವವಿದ್ಯಾಲಯ 1965ರಿಂದ 1972ರೊಳಗೆ ಐದು ಸಂಪುಟಗಳ ಇಂಗ್ಲಿಷ್ ಅನುವಾದಕ್ಕೆ ಆರಿಸಿಕೊಂಡದ್ದೂ ಇದನ್ನೇ.

ಇಷ್ಟಾದರೂ ಗೂಳೂರೆಂದರೆ ಜನರ ಬಾಯಿಗೆ ಮೊದಲು ಬರುವುದು ಕೆರೆಯ ಮಣ್ಣಿನ ದೊಡ್ಡ ಗಣಪ. ಗಣಪ ಇರಲಿ, ಜಾತ್ರೆ ನಡೆಯಲಿ. ಆದರೆ ಕುಣಿಗಲ್ ರಸ್ತೆಯಲ್ಲಿ ಎಷ್ಟು ಓಡಾಡಿದರೂ ಸಿದ್ಧವೀರಣ್ಣೊಡೆಯರ ಹೆಸರಿನ ಫಲಕ ನನ್ನ ಕಣ್ಣಿಗೆ ಬಿದ್ದಿಲ್ಲ; ಅದು ನನ್ನನ್ನು ನೋಯಿಸುತ್ತದೆ. ಬಲಿಪಾಡ್ಯಮಿಯಿಂದ ಗಣಪನಿಗೆ ಪೂಜೆ ನಡೆಯುವ ದಿನಗಳಲ್ಲಿ ಒಂದು ಸಂಜೆಯನ್ನಾದರೂ ಊರಿನವರು, ನಮ್ಮ ಕಾಲೇಜುಗಳ ಕನ್ನಡ ಮೇಷ್ಟ್ರುಗಳು ಸೇರಿ ಆ ಗ್ರಂಥದ ಓದಿಗೆ ಬಿಟ್ಟುಕೊಡಬೇಕು. ಸಿದ್ಧರಾಮನ ಸಂಪಾದನೆಯಿಂದಲೇ ಶುರುಮಾಡಬಹುದು.