ಪಂಪನ ಕನ್ನಡ ಓದೋದು ಹೆಂಗ? ಲ್ಯಾಟಿನ್ ಮೇಷ್ಟ್ರಿಂದ ಒಂದು ಉಪಾಯ

ಸಾವಿರ ವರ್ಷ ಹಳೆಯ ಭಾಷೆಯನ್ನ ಇವತ್ತಿನ ಹುಡುಗರು ಕಲಿಯೋದು ಹೆಂಗ? ಇವತ್ತು ಇದನ್ನ ಮಾತಾಡೋಣ.

ಮೊದಲು ಯುರೋಪಿನ ಕಥೆ. ಲ್ಯಾಟಿನ್ ಈಗ ಯಾರ ಮನೆಮಾತೂ ಅಲ್ಲ. ವ್ಯಾಕರಣದ ಪಟ್ಟಿ ಬಾಯಿಪಾಠ ಮಾಡಿಸಿ ಅದನ್ನ ಕಲಿಸೋದು ರೂಢಿಯಾಗಿತ್ತು. ಡೆನ್ಮಾರ್ಕಿನ ಹಾನ್ಸ್ ಓರ್ಬರ್ಗ್ 1955ರಲ್ಲಿ ಬೇರೆ ದಾರಿ ಹಿಡಿದರು. ಅವರ ಪುಸ್ತಕದಲ್ಲಿ ಅನುವಾದವೇ ಇಲ್ಲ. ಇರೋದು ಒಂದು ರೋಮನ್ ಮನೆತನದ ಕಥೆ. ಸಣ್ಣ ವಾಕ್ಯದಿಂದ ಶುರುವಾಗಿ ನಿಧಾನಕ್ಕೆ ಬೆಳೀತದೆ. ಹೊಸ ಪದದ ಅರ್ಥ ಸಂದರ್ಭದಿಂದಲೇ ಹೊಳೀತದೆ. ಭಾಷೆಯ ಜೊತೆಗೆ ರೋಮನ್ನರ ಊಟ, ಅಂಗಡಿ, ರಸ್ತೆಗಳೂ ಪರಿಚಯ ಆಗ್ತವೆ.

ಈಗ ನಮ್ಮ ಅಣ್ಣಿಗೇರಿಗೆ ಬರೋಣ. ಪಂಪನ ತಾಯಿ ಅಬ್ಬಣಬ್ಬೆ ಅಣ್ಣಿಗೇರಿಯ ಜೋಯಿಸ ಸಿಂಘನ ಮೊಮ್ಮಗಳು. ಪಂಪನ ತಮ್ಮ ಜಿನವಲ್ಲಭ ಈಗಿನ ತೆಲಂಗಾಣದ ಕುರ್ಕ್ಯಾಲದಲ್ಲಿ ಹಾಕಿಸಿದ ಶಾಸನ ಇದನ್ನ ಹೇಳ್ತದೆ. ಹೆಮ್ಮೆಯೇನೋ ಪಡ್ತೀವಿ, ಆದರೆ ಪಂಪಭಾರತ ತೆರೆದರೆ ಮೊದಲ ಪದ್ಯಕ್ಕೇ ಮುಚ್ಚಿಡ್ತೀವಿ. ಓದೋರೇ ಇಲ್ಲದಿದ್ದರೆ ಕವಿ ಬರೀ ಹೆಸರಾಗಿ ಉಳೀತಾನೆ.

ತೊಡಕು ಎರಡು. ಮೊದಲನೇದು, ಧ್ವನಿ ಬದಲಾಗಿದೆ. ನಾನೇ ಒಂದು ವಾಕ್ಯ ಮಾಡ್ತೀನಿ: ‘ಪಾಲಂ ಕುಡಿದಂ’. ಪದದ ಶುರುವಿನ ‘ಪ’ ತೆಗೆದು ‘ಹ’ ಹಾಕಿ, ಪಾಲು ಹಾಲಾಯ್ತು. ಮೊದಲ ‘ಅಂ’ ಅಂದ್ರೆ ‘ಅನ್ನು’, ಎರಡನೇದು ‘ಅನು’. ಹಾಲನ್ನು ಕುಡಿದನು. ನಮ್ಮ ಕಡೆ ‘ಹಾಲ ಕುಡದ’. ಇಷ್ಟೇರಿ! ಇದೇ ಕೀಲಿ ಹಾಕಿದರೆ ಪೂ, ಪಳ್ಳಿ, ಪೆಸರ್ ಕೂಡ ಹೂ, ಹಳ್ಳಿ, ಹೆಸರು ಆಗ್ತವೆ.

ಎರಡನೇದು, ಪದಗಳು ಸಂಧಿಯಾಗಿ ಒಂದಕ್ಕೊಂದು ಅಂಟಿಕೊಂಡಿರ್ತವೆ. ಇದಕ್ಕೆ ಮೈಸೂರಿನಲ್ಲಿ ಪಾಠ ಮಾಡಿದ ಎಲ್. ಬಸವರಾಜು ಅವರ ‘ಸರಳ ಪಂಪಭಾರತ’ ಹಿಡೀರಿ. ಅದರಲ್ಲಿ ಪದ ಬಿಡಿಸಿ ಕೊಟ್ಟಿದ್ದಾರೆ. ಅರ್ಥ ಬೇಕಾದಾಗ ಡಿ.ಎಲ್. ನರಸಿಂಹಾಚಾರ್ ಅವರ ‘ಪಂಪಭಾರತ ದೀಪಿಕೆ’ ಪಕ್ಕದಲ್ಲಿರಲಿ.

ಇನ್ನು ಓರ್ಬರ್ಗ್ ಮಾಡಿದ ಹಾಗೆ ಬದುಕಿನ ಜೊತೆಗೆ ಭಾಷೆ ಕಲಿಯೋದು. ಅದಕ್ಕೆ ಶಾಸನಗಳಿವೆ. ನಮ್ಮ ಅಮೃತೇಶ್ವರ ಗುಡಿ ಕಲ್ಯಾಣ ಚಾಲುಕ್ಯರ ಕಾಲದ್ದು. ಆ ಕಾಲದ ಶಾಸನಗಳಲ್ಲಿ ಹೊಲದ ಅಳತೆ ‘ಮತ್ತರು’, ನಾಣ್ಯ ‘ಗದ್ಯಾಣ’, ದಾನ ಕೊಟ್ಟವರು, ಪಡೆದವರು ಎಲ್ಲಾ ಬರ್ತಾರೆ. ಕಾವ್ಯಕ್ಕಿಂತ ಅಲ್ಲಿನ ವ್ಯವಹಾರದ ಮಾತು ಸುಲಭ.

ಡೆನ್ಮಾರ್ಕಿನ ಹುಡುಗನಿಗೆ ಲ್ಯಾಟಿನ್ ಪರಭಾಷೆ. ನಿಮಗೆ ಹಳಗನ್ನಡ ಹಂಗಲ್ಲ, ಅರ್ಧ ನಿಮ್ಮ ಬಾಯಲ್ಲೇ ಐತಿ. ದಿನಕ್ಕೊಂದು ಪದ್ಯ, ಜೋರಾಗಿ ಓದ್ರಿ.